ನಾ ಟ್ರಾಂಗ್‌ನಲ್ಲಿ ಅರ್ಧ ದಿನ, ಐದು ತಾಣ, ಅಮ್ಮನ ಮೊಣಕಾಲು: ಹೋಗಿ ಬಂದವರು ತಿಳಿಸಿ

ಪ್ರಶ್ನೆ ಕೇಳಿದವರು, ಮೈಸೂರು:

ಮಾರ್ಚ್ ತಿಂಗಳಲ್ಲಿ ಅಪ್ಪ, ಅಮ್ಮನನ್ನು ಕರೆದುಕೊಂಡು ವಿಯೆಟ್ನಾಮಿನ ನಾ ಟ್ರಾಂಗ್‌ಗೆ ಹೋಗುತ್ತಿದ್ದೇನೆ. ಅಪ್ಪನಿಗೆ ಎಪ್ಪತ್ತೊಂದು, ಅಮ್ಮನಿಗೆ ಅರವತ್ತಾರು. ಅಮ್ಮನ ಬಲ ಮೊಣಕಾಲು ಮೆಟ್ಟಿಲು ಕಂಡರೆ ಮುನಿಸಿಕೊಳ್ಳುತ್ತದೆ. ಮೂರು ದಿನ ಸಮುದ್ರಕ್ಕೇ ಬಿಟ್ಟಿದ್ದೇವೆ. ಊರು ನೋಡಲು ಸಿಗುವುದು ಒಂದು ಬೆಳಗ್ಗೆ ಮಾತ್ರ. ಹೋಟೆಲಿನವರು ಕಳಿಸಿದ ಅರ್ಧ ದಿನದ ಪ್ರವಾಸದ ಪಟ್ಟಿ ಹೀಗಿದೆ: ಎಂಟಕ್ಕೆ ಹೊರಟು ಪೊ ನಗರ್ ಗೋಪುರಗಳು, ಹೊನ್ ಚೊಂಗ್ ಬಂಡೆಗಳು, ಲಾಂಗ್ ಸನ್ ಬೌದ್ಧ ದೇವಾಲಯ, ಕಲ್ಲಿನ ಚರ್ಚು, ದಾಮ್ ಮಾರುಕಟ್ಟೆ, ಹನ್ನೆರಡಕ್ಕೆ ವಾಪಸ್. ನಾಲ್ಕು ಗಂಟೆಯಲ್ಲಿ ಐದು ಜಾಗ ಆಗುತ್ತದೆಯೇ? ಗೈಡ್ ಬೇಕೇ? ಮೂವರೂ ಸಸ್ಯಾಹಾರಿಗಳು, ಊಟದ ಗತಿ ಏನು?

ನಿವೃತ್ತ ಶಿಕ್ಷಕಿ, ಧಾರವಾಡ:

ಆಗುತ್ತದೆ ತಂಗಿ, ಐದೂ ಆಗುತ್ತದೆ. ಆಮೇಲೆ ವ್ಯಾನ್ ಹತ್ತಿ ಇಳಿದದ್ದೊಂದೇ ನೆನಪಿರುತ್ತದೆ. ಪೊ ನಗರ್‌ಗೆ ಒಂದೂವರೆ ಗಂಟೆ ಕೊಡಿ. ಉಳಿದ ನಾಲ್ಕರಲ್ಲಿ ಒಂದನ್ನೋ ಎರಡನ್ನೋ ಆರಿಸಿಕೊಳ್ಳಿ.

ಕಾಯ್ ನದಿ ಸಮುದ್ರ ಸೇರುವ ಕಡೆ ಒಂದು ಸಣ್ಣ ಗುಡ್ಡ. ಅದರ ಮೇಲೆ ಇಟ್ಟಿಗೆಯ ನಾಲ್ಕು ಗೋಪುರಗಳು ಉಳಿದಿವೆ. ಎಂಟರಿಂದ ಹದಿಮೂರನೇ ಶತಮಾನದವರೆಗೆ ಚಂಪಾ ರಾಜರು, ಅಂದರೆ ಆಗ ಈ ಕರಾವಳಿಯನ್ನು ಆಳುತ್ತಿದ್ದ ಚಾಮ್ ಜನರ ದೊರೆಗಳು, ಕಟ್ಟುತ್ತ, ಕಳೆದುಕೊಳ್ಳುತ್ತ, ಮತ್ತೆ ಕಟ್ಟುತ್ತ ಬಂದ ಜಾಗ. 774ರಲ್ಲಿ ಹಡಗಿನಲ್ಲಿ ಬಂದ ದಾಳಿಕೋರರು ಸುಟ್ಟುಹಾಕಿದರು. ಹತ್ತು ವರ್ಷದಲ್ಲಿ ಸತ್ಯವರ್ಮನೆಂಬ ರಾಜ ಮತ್ತೆ ಎಬ್ಬಿಸಿದ. ಮುಂದೆ ದೇವಿಯ ಚಿನ್ನದ ಮೂರ್ತಿಯನ್ನು ಕಾಂಬೋಡಿಯಾದ ಖ್ಮೇರರು ಹೊತ್ತೊಯ್ದರು. 965ರಲ್ಲಿ ಒಂದನೆಯ ಜಯ ಇಂದ್ರವರ್ಮ ಆ ಜಾಗದಲ್ಲಿ ಕಲ್ಲಿನ ದೇವಿಯನ್ನು ಕೂರಿಸಿದ. ಕಲ್ಲಾದರೆ ಯಾರೂ ಕದಿಯುವುದಿಲ್ಲ ಎಂದುಕೊಂಡಿರಬೇಕು. ‘ಪೊ’ ಎಂದರೆ ಒಡೆಯ ಅಥವಾ ಒಡತಿ. ‘ನಗರ್’ ನಮ್ಮ ನಗರವೇ, ಅಲ್ಲಿ ನಾಡು ಎಂಬ ಅರ್ಥದಲ್ಲಿ ನಿಂತಿದೆ. ನಾಡದೇವತೆ ಎಂದರೇನೆಂದು ಮೈಸೂರಿನವರಿಗೆ ನಾನು ಬಿಡಿಸಿ ಹೇಳಬೇಕಿಲ್ಲ.

ದೊಡ್ಡ ಗೋಪುರದ ಬಾಗಿಲ ಮುಂದೆ ನಿಂತು ಕತ್ತೆತ್ತಿ ನೋಡಿ. ನಾಲ್ಕು ಕೈಯ ಮೂರ್ತಿಯೊಂದು ಪ್ರಾಣಿಯ ಬೆನ್ನಿನ ಮೇಲೆ ಕಾಲೂರಿ ಕುಣಿಯುತ್ತಿದೆ. ಎರಡು ಮಗ್ಗುಲಿಗೂ ವಾದ್ಯ ಹಿಡಿದವರು. ನಮ್ಮ ಗೈಡ್ ‘ಶಿವ, ಕೆಳಗೆ ನಂದಿ’ ಎಂದ. ನಮ್ಮ ಯಜಮಾನರು ‘ಅದು ನಂದಿಯಲ್ಲ ಕೋಣ, ಮೇಲಿರುವವಳು ದುರ್ಗೆ’ ಎಂದು ಹಟ ಹಿಡಿದರು. ಊರಿಗೆ ಬಂದ ಮೇಲೆ ಓದಿದೆ: ಎರಡೂ ಪಕ್ಷಕ್ಕೆ ವಿದ್ವಾಂಸರಿದ್ದಾರೆ. ಯಜಮಾನರಿಗೆ ಇದನ್ನು ಇನ್ನೂ ಹೇಳಿಲ್ಲ.

ಒಳಗೆ ಕತ್ತಲೆ, ಊದುಬತ್ತಿಯ ವಾಸನೆ. ಬಿಸಿಲಿನಿಂದ ಹೋದವರಿಗೆ ಮೊದಲು ಏನೂ ಕಾಣುವುದಿಲ್ಲ, ಹಿಂದಿನವರು ತಳ್ಳಿದರೂ ಒಂದು ನಿಮಿಷ ಗೋಡೆಗೆ ಒರಗಿ ನಿಲ್ಲಿ. ದೇವಿಗೆ ಹತ್ತು ಕೈ, ಪದ್ಮಾಸನದಲ್ಲಿ ಕುಳಿತಿದ್ದಾಳೆ. ರೇಷ್ಮೆ ಉಡಿಸಿರುವುದರಿಂದ ಸರಿಯಾಗಿ ಕಾಣುವುದು ಮುಖವಷ್ಟೆ. ಈಗ ಪೂಜಿಸುವವರಲ್ಲಿ ಹೆಚ್ಚಿನವರು ಚಾಮ್ ಜನರಲ್ಲ, ವಿಯೆಟ್ನಾಮಿಗಳು. ಅವರ ಬಾಯಲ್ಲಿ ಆಕೆ ಥಿಯೆನ್ ಇ ಆ ನಾ. ಅಲ್ಲಿನ ಪಂಚಾಂಗದ ಮೂರನೇ ತಿಂಗಳಿನಲ್ಲಿ ಜಾತ್ರೆ. ಆಗ ದೇವಿಗೆ ಸುಗಂಧದ ನೀರಿನಲ್ಲಿ ಸ್ನಾನ ಮಾಡಿಸಿ ಹೊಸ ಬಟ್ಟೆ ಉಡಿಸುತ್ತಾರಂತೆ. ಹೆಸರು ಬದಲಾಗಿದೆ, ಅಭಿಷೇಕ ಅಲಂಕಾರ ನಡೆದೇ ಇದೆ.

ಚಪ್ಪಲಿ ಹೊರಗೆ, ಒಳಗೆ ಫೋಟೋ ಇಲ್ಲ. ತೋಳು, ಮೊಣಕಾಲು ಕಾಣುವ ಉಡುಪಾದರೆ ಬಾಗಿಲಲ್ಲೇ ಉದ್ದನೆಯ ನಿಲುವಂಗಿ ಕೊಡುತ್ತಾರೆ, ದುಡ್ಡಿಲ್ಲ. ಕೆಳಗಿನ ಅಂಗಳದಲ್ಲಿ ಎಂಟು ಮುಖದ ಇಟ್ಟಿಗೆ ಕಂಬಗಳು ಸೂರಿಲ್ಲದೆ ನಿಂತಿವೆ, ಅದನ್ನು ಅವರೂ ಮಂಡಪವೆಂದೇ ಕರೆಯುತ್ತಾರೆ. ಚಾಮ್ ಕಲಾವಿದರ ಕುಣಿತವಿದ್ದರೆ ಬಿಡಬೇಡಿ. ಅವರು ಊದುವ ವಾದ್ಯದ ಹೆಸರು ‘ಸರಣಾಯ್’. ನಮ್ಮ ಕಡೆಯ ಸನಾದಿಯ ಸದ್ದು ಕೇಳಿ ಬೆಳೆದ ನನಗೆ ಕಾಲು ಕಿತ್ತಿಡಲು ಮನಸ್ಸಾಗಲಿಲ್ಲ.

ಸಾಫ್ಟ್‌ವೇರ್ ಉದ್ಯೋಗಿ, ಬೆಂಗಳೂರು:

ಇಂಥದೇ ಪಟ್ಟಿಗೆ ನಾವೂ ಹಣ ಕಟ್ಟಿದ್ದೆವು. ಪಟ್ಟಿಯಲ್ಲಿಲ್ಲದ ಆರನೆಯ ಮತ್ತು ಏಳನೆಯ ಜಾಗ ಅಲ್ಲಿಗೆ ಹೋದ ಮೇಲೆ ಗೊತ್ತಾಯಿತು: ಒಂದು ಅಗರು ಮರದ ಅಂಗಡಿ, ಇನ್ನೊಂದು ಮುತ್ತಿನ ಅಂಗಡಿ. ಪೊ ನಗರ್‌ನಲ್ಲಿ ಇಪ್ಪತ್ತೈದು ನಿಮಿಷ ಕೊಟ್ಟ ಗೈಡ್ ಮುತ್ತಿನ ಅಂಗಡಿಯಲ್ಲಿ ಗಡಿಯಾರವನ್ನೇ ಮರೆತ. ಏಸಿ ಹಾಕಿ, ತಣ್ಣನೆಯ ಚಹಾ ಕೊಟ್ಟು, ಹೆಂಡತಿಯ ಕೊರಳಿಗೆ ಸರ ಹಿಡಿದು ಕನ್ನಡಿ ತೋರಿಸುತ್ತಾರೆ. ಏನೂ ಕೊಳ್ಳದೆ ಎದ್ದು ಬರುವುದಕ್ಕೆ ಎಂಟೆದೆ ಬೇಕು. ಹಣ ಕಟ್ಟುವ ಮೊದಲೇ ‘ಅಂಗಡಿಗೆ ನಿಲ್ಲಿಸುತ್ತೀರಾ’ ಎಂದು ಸಂದೇಶ ಕಳಿಸಿ, ಉತ್ತರವನ್ನು ಮೊಬೈಲಿನಲ್ಲಿ ಉಳಿಸಿಕೊಳ್ಳಿ.

ಅಗರು ಆ ನಾಡಿನದೇ ಸರಕು, ಅದರಲ್ಲಿ ಸುಳ್ಳಿಲ್ಲ. ಪೊ ನಗರ್ ದೇವಿ ಅಗರಿನ ದಿಮ್ಮಿಯೊಳಗೆ ಸೇರಿ ಸಮುದ್ರದಲ್ಲಿ ತೇಲಿಹೋದಳೆಂದು ಕಥೆಯೇ ಇದೆ. ಆದರೆ ಅಸಲಿ ಯಾವುದು ಎಂದು ಗುರುತಿಸುವ ಮೂಗು ನನಗಿಲ್ಲ, ನಿಮಗಿದ್ದರೆ ಕೊಳ್ಳಿ.

ಮೊಣಕಾಲಿನ ವಿಷಯ: ಲಾಂಗ್ ಸನ್‌ನಲ್ಲಿ ಗುಡ್ಡದ ಮೇಲಿನ ಬಿಳಿ ಬುದ್ಧನವರೆಗೆ ನೂರೈವತ್ತರಷ್ಟು ಮೆಟ್ಟಿಲುಗಳಿವೆ. ದಾರಿಯಲ್ಲಿ ಮಲಗಿದ ಬುದ್ಧ, ಅಲ್ಲಿ ಕುಳಿತು ಸುಧಾರಿಸಿಕೊಳ್ಳಬಹುದು. ಅಮ್ಮ ಕೆಳಗೆ ದೇವಾಲಯದ ನೆರಳಿನಲ್ಲಿ ಕೂರುವುದು ಉತ್ತಮ. ಹತ್ತಿದವರು ಬುದ್ಧನ ಎತ್ತರ ನೋಡಿ ಇಳಿದುಬಿಡಬೇಡಿ, ಪೀಠವನ್ನು ಒಂದು ಸುತ್ತು ಹಾಕಿ. ಸುತ್ತಲೂ ಭಿಕ್ಷು, ಭಿಕ್ಷುಣಿಯರ ಏಳು ಮುಖಗಳನ್ನು ಕೆತ್ತಿದ್ದಾರೆ. 1963ರಲ್ಲಿ ದಕ್ಷಿಣ ವಿಯೆಟ್ನಾಮಿನ ಸರ್ಕಾರ ಬೌದ್ಧರನ್ನು ಹತ್ತಿಕ್ಕುವುದನ್ನು ಪ್ರತಿಭಟಿಸಿ ಬೆಂಕಿಗೆ ಮೈಯೊಡ್ಡಿದವರು ಅವರು. ಸೈಗಾನಿನ ನಡುಬೀದಿಯಲ್ಲಿ ಉರಿಯುತ್ತ ಅಲುಗದೆ ಕುಳಿತಿದ್ದ ಥಿಕ್ ಕ್ವಾಂಗ್ ಡುಕ್ ಅವರ ಮುಖವೂ ಅಲ್ಲಿದೆ. ನಮ್ಮ ಗೈಡ್ ಇದನ್ನು ಹೇಳಲಿಲ್ಲ, ಪಕ್ಕದ ಗುಂಪಿನ ಗೈಡ್ ಹೇಳುತ್ತಿದ್ದುದನ್ನು ಕದ್ದು ಕೇಳಿದೆ.

ಆರು ವರ್ಷದಿಂದ ಹೋ ಚಿ ಮಿನ್ ನಗರದಲ್ಲಿರುವ ಕನ್ನಡಿಗ:

ಮಾರ್ಚ್ ಒಳ್ಳೆಯ ಆಯ್ಕೆ. ಅಲ್ಲಿ ಮಳೆಗಾಲ ನಮ್ಮದಕ್ಕೆ ತಿರುಗುಮುರುಗು. ಅಕ್ಟೋಬರ್‌ನಿಂದ ಡಿಸೆಂಬರ್‌ವರೆಗೆ ಸುರಿಯುತ್ತದೆ.

ಎಂಟಕ್ಕೆ ಹೊರಡಬೇಡಿ, ಏಳಕ್ಕೇ ಪೊ ನಗರ್‌ನಲ್ಲಿರಿ. ಒಂಬತ್ತರ ಮೇಲೆ ಬಸ್ಸುಗಟ್ಟಲೆ ಜನ, ಜೊತೆಗೆ ಕಲ್ಲು ಹಾಸಿನ ಕಾವು. ನಾನು ಕಳೆದ ಸಲ ಹೋದಾಗ ಟಿಕೆಟ್ ತಲೆಗೆ 30,000 ಡಾಂಗ್ ಇತ್ತು. ಸೊನ್ನೆ ನೋಡಿ ಹೆದರಬೇಡಿ, ನಮ್ಮ ನೂರು ರೂಪಾಯಿಯ ಆಸುಪಾಸು. ದಾಮ್ ಮಾರುಕಟ್ಟೆ ನಿಮ್ಮ ಪಟ್ಟಿಯಿಂದ ಹೊಡೆದುಹಾಕಿ. ಒಣಗಿಸಿದ ಮೀನು, ಸ್ಕ್ವಿಡ್ ರಾಶಿ ಹಾಕಿರುತ್ತಾರೆ, ನಿಮ್ಮ ಅಮ್ಮ ಮೂಗಿಗೆ ಸೆರಗು ಹಿಡಿದು ಹೊರಗೆ ಬರುತ್ತಾರೆ. ಚರ್ಚಿಗೆ ವಾಹನ ಹತ್ತುವ ಇಳಿಜಾರು ದಾರಿ ಇದೆ, ಮೊಣಕಾಲಿಗೆ ತೊಂದರೆಯಿಲ್ಲ. ಕಲ್ಲಿನ ಚರ್ಚು ಎನ್ನುತ್ತಾರೆ, ಹತ್ತಿರ ಹೋದರೆ ಸಿಮೆಂಟಿನ ಇಟ್ಟಿಗೆ. ಆದರೂ ಬಣ್ಣದ ಗಾಜಿನ ಬೆಳಕು ಚೆನ್ನ.

ಊಟಕ್ಕೆ ಒಂದೇ ಮಂತ್ರ: ‘ಆನ್ ಚಾಯ್’. ಚಾಯ್ ಎಂದರೆ ಸಸ್ಯಾಹಾರ. ಚಹಾಕ್ಕೆ ಅವರು ‘ಚಾ’ ಎನ್ನುತ್ತಾರೆ. ನಮ್ಮ ಗೆಳೆಯರೊಬ್ಬರು ಊಟದಂಗಡಿಯಲ್ಲಿ ಮೂರು ಸಲ ಚಾಯ್ ಕೇಳಿ ಮೂರು ತಟ್ಟೆ ತೋಫು ಪಡೆದರು. ತರಕಾರಿ ಹಾಕಿದ ಮಾತ್ರಕ್ಕೆ ಸಸ್ಯಾಹಾರವಾಗುವುದಿಲ್ಲ. ‘ನುಕ್ ಮಾಮ್’ ಎಂಬ ಮೀನಿನ ರಸ ಎಲ್ಲದರಲ್ಲೂ ಬಿದ್ದಿರುತ್ತದೆ. ಚಾಯ್ ಎಂದು ಫಲಕ ಹಾಕಿದ ಅಂಗಡಿಗೇ ಹೋಗಿ. ಅವರ ಚಾಂದ್ರಮಾನದ ಮೊದಲನೆಯ ದಿನ ಮತ್ತು ಹದಿನೈದನೆಯ ದಿನ ಎಷ್ಟೋ ಬೌದ್ಧ ಮನೆಗಳಲ್ಲಿ ಮಾಂಸ ಮುಟ್ಟುವುದಿಲ್ಲ; ಆ ದಿನಗಳಲ್ಲಿ ಇಂಥ ಅಂಗಡಿಗಳು ತುಂಬಿ ತುಳುಕುತ್ತವೆ. ‘ಬಾನ್ ಕಾನ್’ ಮಾಡುವುದನ್ನು ನೋಡಿ. ಮಣ್ಣಿನ ಗುಳಿಗಳಲ್ಲಿ ಅಕ್ಕಿ ಹಿಟ್ಟು ಹೊಯ್ದು ಮುಚ್ಚಳ ಮುಚ್ಚುತ್ತಾರೆ, ನಮ್ಮ ಪಡ್ಡಿನ ಖಾಸಾ ತಂಗಿ. ಸಾಮಾನ್ಯವಾಗಿ ಮೊಟ್ಟೆಯೋ ಸ್ಕ್ವಿಡ್ಡೋ ಹಾಕುವುದರಿಂದ ತಿನ್ನುವ ಮುಂಚೆ ಮಂತ್ರ ಹೇಳಿ.

ಗೈಡ್ ಬೇಕು, ಆದರೆ ಪೊ ನಗರ್‌ಗೆ ಮಾತ್ರ. ಉಳಿದದ್ದಕ್ಕೆ ಬಾಡಿಗೆ ಕಾರು ಸಾಕು.

ವೈದ್ಯರು, ಮಂಗಳೂರು:

ಯಾರೂ ಯೆರ್ಸಿನ್ ವಸ್ತುಸಂಗ್ರಹಾಲಯದ ಹೆಸರೆತ್ತಲಿಲ್ಲ. ಪ್ಲೇಗಿನ ಬ್ಯಾಕ್ಟೀರಿಯಾವನ್ನು 1894ರಲ್ಲಿ ಹಾಂಗ್‌ಕಾಂಗ್‌ನಲ್ಲಿ ಗುರುತಿಸಿದ ಅಲೆಕ್ಸಾಂಡ್ರ್ ಯೆರ್ಸಿನ್ ಬದುಕಿನ ಬಹುಪಾಲು ಕಳೆದದ್ದು ನಾ ಟ್ರಾಂಗ್‌ನಲ್ಲಿ, 1943ರಲ್ಲಿ ತೀರಿಕೊಂಡದ್ದೂ ಅಲ್ಲೇ. ಅವರು ಕಟ್ಟಿದ ಪಾಸ್ಟರ್ ಸಂಸ್ಥೆಯ ಆವರಣದಲ್ಲಿ, ಸಮುದ್ರಕ್ಕೆ ಮುಖ ಮಾಡಿ ಇದು ಇದೆ. ದೂರದರ್ಶಕ, ಪ್ರಯೋಗದ ಸಾಮಾನು, ತಾಯಿಗೆ ಬರೆದ ಕಾಗದಗಳು. 1897ರಲ್ಲಿ ಪ್ಲೇಗಿನ ಸೀರಂ ಹಿಡಿದುಕೊಂಡು ಮುಂಬಯಿಗೂ ಬಂದಿದ್ದರು. ಮರುವರ್ಷ ಆ ಮಾರಿ ಬೆಂಗಳೂರಿಗೆ ಬಂತು. ಅಲ್ಲಿ ಪ್ಲೇಗ್ ಅಮ್ಮನಿಗೆ ಗುಡಿ ಎದ್ದದ್ದು ಹಾಗೆ. ಹೊನ್ ಚೊಂಗ್ ಬಂಡೆ ಬಿಟ್ಟು ಇಲ್ಲಿಗೆ ಮುಕ್ಕಾಲು ಗಂಟೆ ಕೊಡಿ. ಮಧ್ಯಾಹ್ನ ಊಟದ ಹೊತ್ತಿಗೆ ಮುಚ್ಚುತ್ತಾರೆ, ರಜೆಯ ದಿನಗಳನ್ನೂ ಕೇಳಿಕೊಂಡು ಹೊರಡಿ.

ಪ್ರವಾಸಿ, ಶಿವಮೊಗ್ಗ:

ಚಂಪಾ ನೋಡಬೇಕೆಂದರೆ ಡಾ ನಾಂಗ್‌ಗೆ ಹೋಗಬೇಕು. 1919ರಲ್ಲಿ ತೆರೆದ ಚಾಮ್ ಶಿಲ್ಪ ಸಂಗ್ರಹಾಲಯ ಅಲ್ಲಿದೆ. ಮಿ ಸನ್ ದೇವಾಲಯಗಳೂ ಹತ್ತಿರ, ನಮ್ಮ ಪುರಾತತ್ವ ಇಲಾಖೆಯವರೇ ಕೆಲವನ್ನು ದುರಸ್ತಿ ಮಾಡಿದ್ದಾರೆ. 2020ರಲ್ಲಿ ಆ ಕೆಲಸದ ನಡುವೆಯೇ ಒಂಬತ್ತನೇ ಶತಮಾನದ ಶಿವಲಿಂಗ ಸಿಕ್ಕಿತು. ನಾ ಟ್ರಾಂಗ್ ಈಜುವವರ ಊರು.

ನಿವೃತ್ತ ಶಿಕ್ಷಕಿ, ಧಾರವಾಡ:

ಡಾ ನಾಂಗ್ ಐನೂರು ಕಿಲೋಮೀಟರಿಗೂ ದೂರ ಸರ್, ಮೊಣಕಾಲು ನೋವಿನವರನ್ನು ಅಷ್ಟು ದೂರ ಅಟ್ಟಬೇಡಿ. ಸಂಗ್ರಹಾಲಯದ ದೇವರಿಗೆ ಯಾರೂ ಬಾಳೆಹಣ್ಣು ಇಡುವುದಿಲ್ಲ, ಪೊ ನಗರ್‌ನಲ್ಲಿ ಇಡುತ್ತಾರೆ. ನನಗೆ ಬೇಕಾದದ್ದು ಅದು. ಈಜುವವರ ಊರಿನ ಪಕ್ಕದಲ್ಲೇ ವೊ ಕಾನ್ ಎಂಬ ಹಳ್ಳಿಯಿದೆ. ಆಗ್ನೇಯ ಏಷ್ಯಾದ ಅತಿ ಹಳೆಯ ಸಂಸ್ಕೃತ ಶಾಸನಗಳಲ್ಲಿ ಒಂದು ಸಿಕ್ಕಿದ್ದು ಅಲ್ಲಿ, ಈಗ ಹನೋಯ್‌ನಲ್ಲಿದೆ. ನಾ ಟ್ರಾಂಗ್ ಸೀಮೆಯ ಹಳೆಯ ಹೆಸರು ಕೌಠಾರ. ಅದರ ದಕ್ಷಿಣಕ್ಕೆ ಪಾಂಡುರಂಗ ಎಂಬ ಸೀಮೆ. ಇಂದಿನ ಫಾನ್ ರಾಂಗ್ ಎಂಬ ಊರಿನ ಹೆಸರು ಅದರದೇ ಸವೆದ ರೂಪ. ಹಾಗೆಂದು ವಿಠ್ಠಲ ಪಂಢರಾಪುರದಿಂದ ದೋಣಿ ಹತ್ತಿದ ಎಂದು ಯಾರೂ ಹಬ್ಬಿಸಬೇಡಿ.

ಪ್ರಶ್ನೆ ಕೇಳಿದವರು, ಮೈಸೂರು:

ಹೋಗಿ ಬಂದೆವು. ಐದರ ಪಟ್ಟಿ ಬಿಟ್ಟು ಕಾರು ಮತ್ತು ಒಬ್ಬಳು ಗೈಡ್ ಹುಡುಗಿಯನ್ನು ಗೊತ್ತುಮಾಡಿಕೊಂಡೆವು. ಫಾನ್ ರಾಂಗ್ ಕಡೆಯ ಚಾಮ್ ಹುಡುಗಿ. ಪಾಂಡುರಂಗ ಎಂದು ಅಪ್ಪ ಹೇಳಿದ ಕೂಡಲೇ ‘ನಮ್ಮೂರು!’ ಎಂದು ನಕ್ಕಳು. ಬಾಗಿಲ ಕಂಬದ ಮೇಲಿನ ಅಕ್ಷರ ಓದಿ ಹೇಳು ಎಂದು ಕೇಳಿದೆವು. ತನ್ನ ಅಜ್ಜನ ಕಾಲದ ಲಿಪಿ ಸ್ವಲ್ಪ ಬರುತ್ತದೆ, ಇದು ಅದಕ್ಕೂ ಹಳೆಯದು, ಬರುವುದಿಲ್ಲ ಎಂದಳು. ನಾವು ಹಳಗನ್ನಡ ಶಾಸನದ ಮುಂದೆ ನಿಂತ ಹಾಗೆಯೇ.

ಏಳೂ ಕಾಲಿಗೆ ಒಳಗಿದ್ದೆವು. ಅಮ್ಮ ಪರ್ಸಿನಿಂದ ಕುಂಕುಮದ ಪೊಟ್ಟಣ ತೆಗೆದಾಗ ನನಗೆ ಎದೆ ಧಸಕ್ಕೆಂದಿತು. ಪೀಠಕ್ಕೆ ಹಚ್ಚುವುದು ಬೇಡ ಎಂದು ಅಲ್ಲಿನ ಮುದುಕಿ ಕೈಸನ್ನೆ ಮಾಡಿದರು. ಅಮ್ಮ ಪೊಟ್ಟಣ ಮಡಚಿ, ಕೊಂಡಿದ್ದ ಕಿತ್ತಳೆ ಹಣ್ಣುಗಳನ್ನು ತಟ್ಟೆಗೆ ಇಟ್ಟರು. ಮುದುಕಿ ಅದರಲ್ಲೇ ಒಂದನ್ನು ಎತ್ತಿ ಅಮ್ಮನ ಕೈಗೆ ವಾಪಸ್ ಕೊಟ್ಟರು. ‘ಪ್ರಸಾದ’ ಎಂದು ಅಮ್ಮ ಕಣ್ಣಿಗೊತ್ತಿಕೊಂಡು ಹೋಟೆಲಿನವರೆಗೂ ಅದನ್ನು ಸೆರಗಿನಲ್ಲೇ ಹಿಡಿದುಕೊಂಡಿದ್ದರು.

ಮೆಟ್ಟಿಲು ನಿಧಾನವಾಗಿ ಹತ್ತಿಸಿದೆವು, ತೊಂದರೆಯಾಗಲಿಲ್ಲ. ಲಾಂಗ್ ಸನ್‌ನಲ್ಲಿ ಅಪ್ಪನೊಬ್ಬರೇ ಮೇಲಕ್ಕೆ ಹೋದರು, ಏಳು ಮುಖಗಳನ್ನೂ ಎಣಿಸಿ ಬಂದು ಹೇಳಿದರು. ಯೆರ್ಸಿನ್‌ಗೆ ಸಮಯ ಸಾಲಲಿಲ್ಲ, ವೈದ್ಯರು ಕ್ಷಮಿಸಬೇಕು. ಬಾನ್ ಕಾನ್‌ಗೆ ಚಾಯ್ ಎಂದೆವು, ಮೊಟ್ಟೆಯಿಲ್ಲದೆ ಕೊಟ್ಟರು. ಅದ್ದಿಕೊಳ್ಳಲು ಸೋಯಾ ರಸ. ‘ಚಟ್ನಿ ಇಲ್ಲದ ಪಡ್ಡು’ ಎಂದು ಅಮ್ಮನ ತೀರ್ಪು.

ಬಾಗಿಲ ಮೇಲಿನ ಪ್ರಾಣಿಯ ಬಗ್ಗೆ ಅಪ್ಪ ನಂದಿ ಎಂದರು, ಅಮ್ಮ ಕೋಣ ಎಂದರು. ಧಾರವಾಡದ ಮೇಡಂ, ನಿಮ್ಮ ಯಜಮಾನರ ಕಡೆಗೆ ಒಂದು ಮತ ಹೆಚ್ಚಾಗಿದೆ.

ನಿವೃತ್ತ ಶಿಕ್ಷಕಿ, ಧಾರವಾಡ:

ಇದನ್ನೂ ಅವರಿಗೆ ಹೇಳುವುದಿಲ್ಲ.