ನೋವು ನನ್ನದು, ಸಾಲು ಮಾತ್ರ ಯಾರದೋ: ಗಜಲ್ ಬರೆಯುವವನ ಒಂದು ಪ್ರಶ್ನೆ

ಪ್ರಶ್ನೆ: ಹಟ್ಟಿಯ ಬರಹಗಾರ

ಹಿರಿಯರಿಗೆ ನಮಸ್ಕಾರ. ನಾನು ಲಿಂಗಸುಗೂರು ತಾಲ್ಲೂಕಿನ ಹಟ್ಟಿಯವನು, ಐದು ವರ್ಷಗಳಿಂದ ಗಜಲ್ ಬರೆಯುತ್ತಿದ್ದೇನೆ. ನಮ್ಮ ತಂದೆಯವರು ಚಿನ್ನದ ಗಣಿಯಲ್ಲಿ ಭೂಮಿಯ ಒಳಗೆ ದುಡಿದವರು. ಕೆಳಗಿನ ಹಂತಗಳಲ್ಲಿ ಅರ್ಧ ಗಂಟೆಗೇ ಅಂಗಿ ತೊಯ್ದು ಮೈಗಂಟುತ್ತಿತ್ತೆಂದು ಹೇಳುತ್ತಾರೆ. ನಿವೃತ್ತರಾಗಿ ಎಷ್ಟೋ ವರ್ಷಗಳಾದರೂ ಮನೆಯ ಎತ್ತರದ ಬಾಗಿಲಲ್ಲಿ ಕೂಡ ತಲೆ ತಗ್ಗಿಸಿಯೇ ಒಳಗೆ ಬರುತ್ತಾರೆ. ಆ ಬದುಕನ್ನೇ ಬರೆಯಬೇಕೆಂದು ಕುಳಿತಾಗ ಬಂದ ಮತ್ಲಾ, ಅಂದರೆ ಗಜಲಿನ ಮೊದಲ ದ್ವಿಪದಿ, ಇದು:

ಸಾಕಿ, ನಿನ್ನ ಬಟ್ಟಲಲ್ಲಿ ನನ್ನ ನೋವು ತುಂಬಿದೆ
ಬಾಳ ಇರುಳ ಬೀದಿಯಲ್ಲಿ ಬರಿಯ ಸಾವು ತುಂಬಿದೆ

ಒಂದು ಗೋಷ್ಠಿಯಲ್ಲಿ ಇದನ್ನು ಓದಿದಾಗ, "ಇದರಲ್ಲಿ ನಿಮ್ಮದು ಯಾವುದು?" ಎಂದು ಹಿರಿಯರೊಬ್ಬರು ಎಲ್ಲರೆದುರು ಕೇಳಿದರು. ನನ್ನಲ್ಲಿ ಉತ್ತರವಿರಲಿಲ್ಲ. ಅನುಭವ ಸ್ವಂತದ್ದಾಗಿದ್ದರೂ ಬರಹ ಸ್ವಂತದ್ದಾಗದೇ ಹೋಗಲು ಕಾರಣವೇನು?

ಉತ್ತರ 1: ಮಾನ್ವಿಯ ಓದುಗ

ತಮ್ಮಾ, ಆ ಹಿರಿಯರು ಕೇಳಿದ ರೀತಿ ಕಟುವಾಗಿರಬಹುದು, ಆದರೆ ಪ್ರಶ್ನೆ ಸರಿಯಾದದ್ದೇ. ನಿನ್ನ ಛಂದಸ್ಸಿನಲ್ಲಿ ತಪ್ಪಿಲ್ಲ. ಸಾಲಿನ ಕೊನೆಗೆ ಮರಳಿ ಬರುವ 'ತುಂಬಿದೆ' ಎಂಬ ರದೀಫ್ ಗಟ್ಟಿಯಾಗಿ ನಿಂತಿದೆ, ಅದರ ಹಿಂದಿನ ಪ್ರಾಸಪದವಾದ ಕಾಫಿಯಾ ಕೂಡ ಹೊಂದುತ್ತದೆ. ಆದರೆ 'ನೋವು' ಎಂದ ಕೂಡಲೇ 'ಸಾವು' ತಾನಾಗಿ ಬಂದು ಕುಳಿತಿದೆ. ಅದನ್ನು ನೀನು ಹುಡುಕಿಲ್ಲ. ಅದೇ ಪ್ರಾಸದಲ್ಲಿ 'ಕಾವು' ಎಂಬ ಇನ್ನೊಂದು ಮಾತು ನಿನಗಾಗಿ ಕಾದಿತ್ತು. ತಂದೆಯವರ ಅಂಗಿಯನ್ನು ತೊಯ್ಸಿದ ಕಾವನ್ನು ಪ್ರಶ್ನೆಯಲ್ಲಿ ಬರೆದವನು ಗಜಲಿನಲ್ಲಿ ಬಿಟ್ಟದ್ದೇಕೆ? ನಿನ್ನ ಮನೆಯ ಬಾಗಿಲಲ್ಲಿ ದಿನವೂ ತಗ್ಗುವ ತಲೆಯಿರುವಾಗ, ನೀನು ಎಂದೂ ಕಾಣದ, ಉರ್ದು ಗಜಲುಗಳಲ್ಲಿ ಮಧು ಸುರಿಯುವ ಸಾಕಿಯನ್ನು ಕರೆದದ್ದೇಕೆ? ನಮ್ಮ ಹೆಂಬೆರಾಳದ ಶಾಂತರಸರು ಉರ್ದುವಿನ ಈ ಪ್ರಕಾರವನ್ನು ಕನ್ನಡಕ್ಕೆ ಒಗ್ಗಿಸಿದವರಲ್ಲಿ ಮೊದಲಿಗರು. ರೂಪವನ್ನು ಎರವಲು ತರುವುದು ತಪ್ಪಲ್ಲ, ಆದರೆ ರೂಪದ ಜೊತೆಗೆ ಅದರ ಸರಂಜಾಮನ್ನೆಲ್ಲ ಹೊತ್ತು ತರಬೇಕಾಗಿಲ್ಲ.

ಇನ್ನೊಂದು ಮಾತು. ಮಾನ್ವಿಯ ಜಗನ್ನಾಥದಾಸರು ಹೊಟ್ಟೆನೋವಿನಿಂದ ಸಾವಿನಂಚಿಗೆ ಹೋಗಿದ್ದರೆಂದೂ, ಗೋಪಾಲದಾಸರು ತಮ್ಮ ಆಯುಷ್ಯದಲ್ಲಿ 40 ವರ್ಷಗಳನ್ನು ಅವರಿಗೆ ಧಾರೆಯೆರೆದರೆಂದೂ ನಮ್ಮಲ್ಲಿ ಮನೆಮನೆಯಲ್ಲೂ ಹೇಳುತ್ತಾರೆ. ಆ ಬಳಿಕ ಅವರು ಭಾಮಿನಿ ಷಟ್ಪದಿಯಲ್ಲಿ ರಚಿಸಿದ ದೊಡ್ಡ ಕೃತಿ ತತ್ತ್ವವನ್ನು ಕುರಿತದ್ದೇ ಹೊರತು ಆ ಬೇನೆಯನ್ನು ಕುರಿತದ್ದಲ್ಲ. ಪಟ್ಟ ಪಾಡು ಕೃತಿಯ ವಸ್ತುವೇ ಆಗಬೇಕೆಂದಿಲ್ಲ, ಬರೆಯುವವನ ಗಂಭೀರತೆಯಾಗಿಯೂ ಅದು ಒಳಗೆ ಇಳಿಯಬಹುದು.

ಉತ್ತರ 2: ಕಿನ್ನಾಳದ ಚಿತ್ರಗಾರ

ಮಾನ್ವಿಯ ಹಿರಿಯರ ಮಾತಿಗೆ ನನ್ನದು ಅರ್ಧ ಒಪ್ಪಿಗೆ ಮಾತ್ರ. ಐದು ವರ್ಷ ಅನುಕರಿಸಿದ್ದು ವ್ಯರ್ಥವಾಯಿತೆಂಬ ಭಾವನೆ ಈ ತಮ್ಮನಲ್ಲಿ ಬರಬಾರದು. ಕೊಪ್ಪಳ ಜಿಲ್ಲೆಯ ನಮ್ಮ ಊರಿನಲ್ಲಿ ಗೊಂಬೆಯ ಕೆಲಸ ಕಲಿಯುವ ಹುಡುಗನಿಗೆ ಯಾರೂ ಮೊದಲು ಸ್ವಂತಿಕೆಯನ್ನು ಕೇಳುವುದಿಲ್ಲ. ಹುಣಸೆಬೀಜ ನೆನೆಸಿ, ಅರೆದು ಅಂಟು ಮಾಡುವುದು, ಹಗುರ ಮರದ ತುಂಡುಗಳನ್ನು ಆ ಅಂಟಿನಿಂದ ಜೋಡಿಸಿ ಸಂದುಗಳನ್ನು ಮುಚ್ಚುವುದು, ಒಣಗಿದ ಮೇಲೆ ಉಜ್ಜುವುದು, ಇಷ್ಟರಲ್ಲೇ ವರ್ಷಗಳು ಕಳೆಯುತ್ತವೆ. ನಾನು ಅದೆಷ್ಟೋ ಗರುಡಗಳಿಗೆ ಹಿರಿಯರ ಗೆರೆಯ ಮೇಲೆಯೇ ಗೆರೆ ಎಳೆದಿದ್ದೇನೆ.

ನಮ್ಮ ಮನೆಯಲ್ಲಿ ಕಣ್ಣನ್ನು ಕೊನೆಗೆ ಬರೆಯುತ್ತೇವೆ. ಗೊಂಬೆಯ ಮೇಲೆ ಯಾರ ರುಜುವೂ ಇರುವುದಿಲ್ಲ, ಆದರೂ ಕಪ್ಪುಗೆರೆ ಮೂಗಿನ ಕಡೆಗೆ ತಿರುಗುವ ಜಾಗವನ್ನು ನೋಡಿ, ಇದು ಅಪ್ಪ ಬರೆದದ್ದು, ಇದು ಕಾಕಾ ಬರೆದದ್ದು ಎಂದು ನಾನು ಹೇಳಬಲ್ಲೆ. ಇಬ್ಬರೂ ಒಬ್ಬರೇ ಅಜ್ಜನಿಂದ ಕಲಿತವರು, ಬೇರೆ ಥರ ಬರೆಯಬೇಕೆಂದು ಇಬ್ಬರೂ ಹಟ ಹಿಡಿದವರಲ್ಲ. ಕೈ ಪಳಗಿದ ಮೇಲೆ ಕೈಯ ಗುಣ ತಾನಾಗಿಯೇ ಹೊರಬಿದ್ದಿದೆ. ಆದ್ದರಿಂದ ಸಾಕಿಯನ್ನು ಕರೆದದ್ದಕ್ಕೆ ನಾಚಿಕೆಪಡಬೇಡಿ, ಆದರೆ ಅಲ್ಲಿಯೇ ನಿಲ್ಲಲೂ ಬೇಡಿ.

ಉತ್ತರ 3: ಬಳ್ಳಾರಿಯ ನಿವೃತ್ತ ಶಿಕ್ಷಕಿ

ನಾನು ಹವ್ಯಾಸಿ ರಂಗಭೂಮಿಯಲ್ಲಿ ಬಹುಕಾಲ ಕೆಲಸ ಮಾಡಿದವಳು. ನಟರಿಗೆ ಒಂದು ಮಾತೂ ಸ್ವಂತದ್ದಲ್ಲ. ವಕೀಲಿ ವೃತ್ತಿಯಲ್ಲಿದ್ದುಕೊಂಡೇ ತೆಲುಗು, ಕನ್ನಡ, ಇಂಗ್ಲಿಷ್ ನಾಟಕಗಳಲ್ಲಿ ಅಭಿನಯಿಸಿದ ನಮ್ಮ ಬಳ್ಳಾರಿ ರಾಘವರು (1880–1946) ಆಡಿದ್ದೂ ಬೇರೆಯವರು ಬರೆದ ಮಾತುಗಳನ್ನೇ. ಸಂಡೂರು ತಾಲ್ಲೂಕಿನ ದರೋಜಿಯ ಈರಮ್ಮನವರು ಅಕ್ಷರ ಕಲಿತವರಲ್ಲ, ಆದರೂ ಪರಂಪರೆಯಿಂದ ಬಂದ ಬುರ್ರಕಥೆಗಳನ್ನು ರಾತ್ರಿಯಿಡೀ ನೆನಪಿನಿಂದಲೇ ಹಾಡಬಲ್ಲವರಾಗಿದ್ದರು. ಆ ಕಥೆಗಳು ಅವರ ಬದುಕಿನವಲ್ಲ, ಆದರೆ ಹಾಡಿಕೆಯನ್ನು ಅವರದಲ್ಲವೆಂದು ಯಾರು ಹೇಳಿಯಾರು? ಹೀಗಾಗಿ ಸ್ವಂತ ಅನುಭವವಿದ್ದರೆ ಮಾತ್ರ ಸ್ವಂತ ಕಲೆ ಎಂಬ ನಂಬಿಕೆಯನ್ನೇ ನಾನು ಒಪ್ಪುವುದಿಲ್ಲ.

ನನ್ನನ್ನು ಕಾಡುತ್ತಿರುವ ಸಂಗತಿ ಬೇರೆ. ಮಗನೇ, "ನನ್ನ ನೋವು" ಎಂದು ಬರೆದಿದ್ದೀರಿ. ಗಣಿಗೆ ಇಳಿದವರು ನಿಮ್ಮ ತಂದೆ. ನೀವು ಕಂಡದ್ದು ಮನೆಗೆ ಮರಳಿದ ಮನುಷ್ಯನನ್ನು, ಒಳಗಿದ್ದ ಮನುಷ್ಯನನ್ನಲ್ಲ. ಆ ಅಂತರವನ್ನು ಮುಚ್ಚಿಟ್ಟದ್ದರಿಂದಲೇ ಸಾಲು ಸಡಿಲವಾಗಿದೆಯೆಂದು ನನಗನ್ನಿಸುತ್ತದೆ. ಈ ಗಜಲನ್ನು ಅವರಿಗೆ ಓದಿ ಹೇಳಿದ್ದೀರಾ?

ಪ್ರಶ್ನೆ ಕೇಳಿದವರಿಂದ

ಮೂವರಿಗೂ ಶರಣು. ಅಮ್ಮಾ, ಓದಿ ಹೇಳಿರಲಿಲ್ಲ. ನಿನ್ನೆ ರಾತ್ರಿ ಊಟವಾದ ಮೇಲೆ 'ಕಾವು' ಸೇರಿಸಿ ತಿದ್ದಿದ ಐದು ದ್ವಿಪದಿಗಳನ್ನು, ಅಂದರೆ ಶೇರ್‌ಗಳನ್ನು ಓದಿದೆ. ಅಪ್ಪ ಬಹಳ ಹೊತ್ತು ಸುಮ್ಮನೆ ಕುಳಿತಿದ್ದು, "ಕಾವು ಖರೇನ ಐತಿ. ಆದ್ರ ಮ್ಯಾಲ ಬರಾಕ ಕೇಜ್ ಬರೋತನಕ ನಾವೆಲ್ಲ ಕುಂತು ತತ್ವಪದ ಹಾಡ್ತಿದ್ವಿ. ಅದು ಇದರಾಗ ಇಲ್ಲಲ್ಲ," ಎಂದರು. ಅವರು ಹಾಡುತ್ತಿದ್ದರೆಂಬುದೇ ನನಗೆ ಈವರೆಗೆ ತಿಳಿದಿರಲಿಲ್ಲ. ಯಾವ ಪದ ಎಂದು ಕೇಳಿದೆ, ಎರಡು ನುಡಿ ಹಾಡಿದರು. ಐದೂ ಶೇರ್‌ಗಳನ್ನು ಪಕ್ಕಕ್ಕಿಟ್ಟಿದ್ದೇನೆ.