ಗೇಮ್ ಅಳಿಸಿದರೂ ಜಾಗ ವಾಪಸ್ ಬಂದಿಲ್ಲ, ಸೇವ್ ಹೋದೀತು ಅನ್ನುವ ಭಯ ಬೇರೆ

ಕೆಂಪುಪಟ್ಟಿ:

ನಮಸ್ಕಾರ. ನನ್ನ ಕಂಪ್ಯೂಟರಿನಲ್ಲಿ ಇರುವುದು ಒಂದೇ ಒಂದು 512 ಜಿಬಿ ಎಸ್‌ಎಸ್‌ಡಿ. ವಿಂಡೋಸ್ ಅದನ್ನು 476 ಅಂತ ತೋರಿಸುತ್ತದೆ, ಅದರಲ್ಲಿ ಇವತ್ತು ಉಳಿದಿರುವುದು 9. ಸಿ ಡ್ರೈವಿನ ಪಟ್ಟಿ ಕೆಂಪಾಗಿ ಎರಡು ತಿಂಗಳಾಯಿತು, ದಿನಾ ನೋಡಿ ನೋಡಿ ಅಭ್ಯಾಸವೇ ಆಗಿಬಿಟ್ಟಿತ್ತು, ಆದರೆ ನಿನ್ನೆ ಆಡುತ್ತಿರುವ ಗೇಮಿಗೇ ಅಪ್‌ಡೇಟ್ ಬಂದು ಜಾಗ ಸಾಲದು ಅಂದಾಗ ಎದ್ದು ಕೂತೆ.

ಗೇಮ್ ಕೊಂಡು ಇಳಿಸಿಕೊಳ್ಳುವ ಆನ್‌ಲೈನ್ ಅಂಗಡಿ ಸ್ಟೀಮಿನಲ್ಲಿ 34 ಗೇಮ್ ಇನ್‌ಸ್ಟಾಲ್ ಆಗಿವೆ. ಆಡುತ್ತಿರುವುದು ಎರಡು. ಲೈಬ್ರರಿಯಲ್ಲಿ ಒಟ್ಟು 300ರ ಮೇಲಿವೆ, ಅಂಥದ್ದೇ ಇನ್ನೊಂದು ಅಂಗಡಿ ಎಪಿಕ್‌ನಲ್ಲಿ ಪುಕ್ಕಟೆ ಸಿಕ್ಕವು ಬೇರೆ, ಅವನ್ನು ಎಣಿಸಿಯೇ ಇಲ್ಲ.

ಈಗ ತಪ್ಪೊಪ್ಪಿಗೆ. ನಿನ್ನೆ ರಾತ್ರಿ ಒಂದು 18 ಜಿಬಿ ಗೇಮಿನ ಫೋಲ್ಡರನ್ನೇ ಹುಡುಕಿ ಡಿಲೀಟ್ ಒತ್ತಿದೆ. ಜಾಗ ಬರಲಿಲ್ಲ. ಸ್ಟೀಮ್ ಇನ್ನೂ ಅದಕ್ಕೆ ಪ್ಲೇ ಬಟನ್ ತೋರಿಸುತ್ತಿದೆ, ಒತ್ತಿದರೆ ಫೈಲ್ ಸಿಗುತ್ತಿಲ್ಲ ಅನ್ನುತ್ತದೆ. ಆಮೇಲೆ ಸ್ಕೈರಿಮ್ ಅನ್ನು ಸರಿಯಾದ ದಾರಿಯಲ್ಲೇ ಅನ್‌ಇನ್‌ಸ್ಟಾಲ್ ಮಾಡಿದೆ, ಆದರೂ ಅದರ ಫೋಲ್ಡರ್ 14 ಜಿಬಿ ಹೊತ್ತುಕೊಂಡು ಹಾಗೇ ಕೂತಿದೆ. ಇದೇನು ಕಥೆ?

ಇನ್ನೊಂದು ಭಯ ಇದೆ. ಸ್ಟಾರ್‌ಡ್ಯೂ ವ್ಯಾಲಿಯಲ್ಲಿ 140 ಗಂಟೆ ಕೂತು ಕಟ್ಟಿದ ತೋಟ ಇದೆ. ಅನ್‌ಇನ್‌ಸ್ಟಾಲ್ ಮಾಡಿದರೆ ಅದರ ಸೇವ್, ಅಂದರೆ ಎಲ್ಲಿಯವರೆಗೆ ಆಡಿದ್ದೇನೆ ಅನ್ನುವ ಫೈಲ್, ಉಳಿಯುತ್ತದಾ? ನಗಬೇಡಿ, ದುಡ್ಡು ಕೊಟ್ಟು ಕೊಂಡ ಗೇಮ್ ಲೈಬ್ರರಿಯಿಂದಲೇ ಹೋಗಿಬಿಡುತ್ತದೇನೋ ಅಂತ ಕೂಡ ಒಂದು ಅನುಮಾನ.

ಡಬ್ಬಿಖಾಲಿ:

ಮೊದಲು ರಿಸೈಕಲ್ ಬಿನ್ ತೆರೆದು ನೋಡಿ. ನಿಮ್ಮ 18 ಜಿಬಿ ಅಲ್ಲೇ ಆರಾಮಾಗಿ ಮಲಗಿದೆ. ಬಿನ್ ಖಾಲಿ ಮಾಡುವ ತನಕ ಒಂದು ಎಂಬಿ ಕೂಡ ವಾಪಸ್ ಬರುವುದಿಲ್ಲ.

ಪ್ಲೇ ಬಟನ್ ಯಾಕೆ ಹೋಗಿಲ್ಲ ಅಂದರೆ, ಗೇಮ್ ಕೂತಿರುವುದು ಸ್ಟೀಮ್‌ಆ್ಯಪ್ಸ್ ಒಳಗಿನ ಕಾಮನ್ ಅನ್ನುವ ಫೋಲ್ಡರಿನಲ್ಲಿ, ಆದರೆ ಯಾವ ಗೇಮ್ ಇದೆ ಯಾವುದು ಇಲ್ಲ ಅನ್ನುವ ಲೆಕ್ಕ ಇರುವುದು ಅದರ ಹೊರಗಿನ ಪುಟಾಣಿ ಫೈಲುಗಳಲ್ಲಿ. ಗೇಮಿಗೊಂದರಂತೆ, ಆ್ಯಪ್‌ಮ್ಯಾನಿಫೆಸ್ಟ್ ಅಂತ ಶುರುವಾಗುವ ಹೆಸರು. ನೀವು ಮನೆ ಖಾಲಿ ಮಾಡಿದಿರಿ, ಬಾಗಿಲ ಮೇಲಿನ ಹೆಸರು ಹಾಗೇ ಇದೆ. ಈಗಲೂ ತಡವಾಗಿಲ್ಲ. ಲೈಬ್ರರಿಯಲ್ಲಿ ಆ ಗೇಮಿನ ಮೇಲೆ ರೈಟ್ ಕ್ಲಿಕ್ ಮಾಡಿ, ಮ್ಯಾನೇಜ್, ಅನ್‌ಇನ್‌ಸ್ಟಾಲ್. ಅಳಿಸಲು ಏನೂ ಇಲ್ಲದಿದ್ದರೂ ಪರವಾಗಿಲ್ಲ, ಲೆಕ್ಕ ಸರಿಯಾಗುತ್ತದೆ.

ಸ್ಕೈರಿಮ್‌ಗೆ ಮಾಡ್, ಅಂದರೆ ಬೇರೆಯವರು ಮಾಡಿದ ಬದಲಾವಣೆಯ ಫೈಲುಗಳು, ಹಾಕಿದ್ದಿರಿ ಅಲ್ವಾ? ಸ್ಟೀಮ್ ತಾನು ತಂದಿಟ್ಟ ಫೈಲುಗಳನ್ನು ಮಾತ್ರ ತೆಗೆಯುತ್ತದೆ. ನೀವು ಕೈಯಾರೆ ಹಾಕಿದ್ದನ್ನು ಮುಟ್ಟುವುದಿಲ್ಲ. ಆ 14 ಜಿಬಿ ನಿಮ್ಮದೇ. ಫೋಲ್ಡರನ್ನು ಸುಮ್ನೆ ಎತ್ತಿ ಬಿಸಾಕಿ.

ಗೇಮ್ ಲೈಬ್ರರಿಯಿಂದ ಹೋಗುವುದಿಲ್ಲ. ಇನ್‌ಸ್ಟಾಲ್ ಬಟನ್ ಬರುತ್ತದೆ ಅಷ್ಟೇ, ಯಾವಾಗ ಬೇಕಾದರೂ ಮತ್ತೆ ಇಳಿಸಿಕೊಳ್ಳಬಹುದು. ಆದರೆ ಸ್ಟೀಮ್ ಸಪೋರ್ಟ್ ಪುಟದಲ್ಲಿ ಅಕೌಂಟಿನಿಂದಲೇ ಗೇಮ್ ತೆಗೆದುಹಾಕುವ ಆಯ್ಕೆಯೊಂದಿದೆ, ಅದು ಬೇರೆ, ಅದು ಶಾಶ್ವತ. ಆ ಕಡೆ ತಲೆ ಹಾಕಬೇಡಿ.

ಮೂರನೇಸ್ಲಾಟ್:

ಸ್ವಲ್ಪ ತಡೆಯಿರಿ, ಉಳಿದ ಫೋಲ್ಡರನ್ನು ಸುಮ್ನೆ ಎತ್ತಿ ಬಿಸಾಕಿ ಅನ್ನುವ ಮಾತಿಗೆ ನನ್ನ ತಕರಾರಿದೆ. ಹಾಗೆ ಬಿಸಾಕಿಯೇ ನಾನು ಒಮ್ಮೆ ಅತ್ತಿದ್ದೇನೆ.

ಒಂದು ಸಣ್ಣ ಗೇಮ್, ಹೆಸರು ಬೇಡ. 60 ಗಂಟೆ ಆಡಿದ್ದೆ, ಕೊನೆಯ ಬಾಸ್ ಒಬ್ಬನೇ ಬಾಕಿ. ಜಾಗ ಬೇಕಿತ್ತು, ಅನ್‌ಇನ್‌ಸ್ಟಾಲ್ ಮಾಡಿದೆ. ಫೋಲ್ಡರಿನಲ್ಲಿ 4 ಎಂಬಿ ಉಳಿದಿತ್ತು. ಕಸ ಅಂದುಕೊಂಡು ಶಿಫ್ಟ್ ಹಿಡಿದು ಡಿಲೀಟ್ ಒತ್ತಿದೆ. ಆರು ತಿಂಗಳ ನಂತರ ಮತ್ತೆ ಇನ್‌ಸ್ಟಾಲ್ ಮಾಡಿ ತೆರೆದರೆ ಮೂರು ಸ್ಲಾಟೂ ಖಾಲಿ! ಆ ಗೇಮ್ ಸೇವ್ ಇಡುತ್ತಿದ್ದದ್ದು ತನ್ನದೇ ಫೋಲ್ಡರಿನೊಳಗೆ, ಸ್ಟೀಮಿನ ಸರ್ವರಿನಲ್ಲಿ ಸೇವ್ ಕಾಪಿ ಇಡುವ ಕ್ಲೌಡ್ ಅದಕ್ಕೆ ಇರಲಿಲ್ಲ. ಆ 4 ಎಂಬಿಯೇ ನನ್ನ 60 ಗಂಟೆ.

ಆದ್ದರಿಂದ ಉಳಿದಿರುವ ಫೋಲ್ಡರನ್ನು ಒಮ್ಮೆ ತೆರೆದು ನೋಡಿ, ಆಮೇಲೆ ಅಳಿಸಿ. ಸೇವ್ ಎಲ್ಲಿರುತ್ತದೆ ಅನ್ನುವುದಕ್ಕೆ ಒಂದು ನಿಯಮ ಅಂತ ಇಲ್ಲ, ಅದೇ ತಲೆನೋವು. ಸ್ಟಾರ್‌ಡ್ಯೂ ಸೇವ್ ವಿಂಡೋಸ್ ಮರೆಯಲ್ಲಿ ಇಡುವ ಆ್ಯಪ್‌ಡೇಟಾ ಫೋಲ್ಡರಿನ ರೋಮಿಂಗ್ ಒಳಗೆ ಸ್ಟಾರ್‌ಡ್ಯೂ ವ್ಯಾಲಿ ಫೋಲ್ಡರಿನಲ್ಲಿದೆ. ಹಾಲೋ ನೈಟ್‌ದು ಅದೇ ಆ್ಯಪ್‌ಡೇಟಾದ ಲೋಕಲ್‌ಲೋ ಒಳಗೆ, ಗೇಮ್ ಮಾಡಿದ ತಂಡದ ಹೆಸರಿನ ಫೋಲ್ಡರಿನಲ್ಲಿ. ಯೂನಿಟಿ ಅನ್ನುವ ಗೇಮ್ ಕಟ್ಟುವ ಸಾಫ್ಟ್‌ವೇರಿನಲ್ಲಿ ಮಾಡಿದ ಬಹಳಷ್ಟು ಗೇಮುಗಳು ಹೀಗೇ. ಸ್ಕೈರಿಮ್‌ದು ಡಾಕ್ಯುಮೆಂಟ್ಸ್ ಒಳಗಿನ ಮೈ ಗೇಮ್ಸ್‌ನಲ್ಲಿ, ಅಂದರೆ ನಿಮ್ಮ 14 ಜಿಬಿ ಅಳಿಸಿದರೂ ಡ್ರ್ಯಾಗನ್ ಹೊಡೆದ ಲೆಕ್ಕ ಉಳಿಯುತ್ತದೆ. ಬೇರೆ ಗೇಮಿಗೆ ಪಿಸಿಗೇಮಿಂಗ್‌ವಿಕಿ ಜಾಲತಾಣದಲ್ಲಿ ಆ ಗೇಮಿನ ಪುಟ ತೆರೆದರೆ ಸೇವ್ ಜಾಗ ಬರೆದಿರುತ್ತಾರೆ. ಒಂದೊಂದಾಗಿ ಹುಡುಕಲು ಬೇಜಾರಾದರೆ ಲುಡುಸಾವಿ ಅನ್ನುವ ಉಚಿತ ಸಾಫ್ಟ್‌ವೇರ್ ಇದೆ, ಅದು ತನಗೆ ಗೊತ್ತಿರುವ ಗೇಮುಗಳ ಸೇವ್ ಹುಡುಕಿ ಒಂದೇ ಕಡೆ ಕಾಪಿ ಇಟ್ಟುಕೊಡುತ್ತದೆ. ಆ ಕಾಪಿಯನ್ನು ಪೆನ್‌ಡ್ರೈವಿಗೆ ಹಾಕಿ, ಅದೇ ಡಿಸ್ಕಿನಲ್ಲಿ ಇಡಬೇಡಿ.

ಕ್ಲೌಡ್ ಇದ್ದರೆ ಸ್ಟೀಮಿನಲ್ಲಿ ಪ್ಲೇ ಬಟನ್ ಪಕ್ಕದಲ್ಲೇ ಕ್ಲೌಡ್ ಸ್ಟೇಟಸ್ ಕಾಣುತ್ತದೆ. ಅದು ಸರಿ ಅಂತ ತೋರಿಸಿದ ಮೇಲೆ ಅಳಿಸಿ. ಮತ್ತೆ ಇನ್‌ಸ್ಟಾಲ್ ಮಾಡಿದಾಗ ಕೆಲವೊಮ್ಮೆ ಕ್ಲೌಡಿನದು ಬೇಕೋ ಕಂಪ್ಯೂಟರಿನಲ್ಲಿರುವುದು ಬೇಕೋ ಅಂತ ಒಂದು ಕಿಟಕಿ ಕೇಳುತ್ತದೆ. ಅಲ್ಲಿ ಅವಸರ ಮಾಡಬೇಡಿ, ಎರಡರ ತಾರೀಕು ಸಮಯ ಓದಿ. ತಪ್ಪಾಗಿ ಒತ್ತಿದರೆ ಹಳೆಯ ಸೇವ್ ಹೊಸದರ ಮೇಲೆ ಕೂತುಬಿಡುತ್ತದೆ.

ಹಾಂ, ತೋಟದ ವಿಷಯ. ಸ್ಟಾರ್‌ಡ್ಯೂ ಒಂದು ಜಿಬಿ ಕೂಡ ಇಲ್ಲ. ಅದನ್ನು ಯಾಕೆ ಅಳಿಸುತ್ತೀರಿ? ಬಿಟ್ಟುಬಿಡಿ.

ಗರಗಸ:

ಗುರುಗಳೇ, 34 ಗೇಮ್ ಅಂತ ಎಣಿಸಬೇಡಿ, ಗಾತ್ರ ನೋಡಿ. ಸ್ಟೀಮ್ ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್ ಅಂತ ಇದೆ, ಅಲ್ಲಿ ಗಾತ್ರದ ಪ್ರಕಾರ ಜೋಡಿಸಿ ನೋಡಬಹುದು. ಬಾಲ್ಡರ್ಸ್ ಗೇಟ್ 3, ರೆಡ್ ಡೆಡ್ ರಿಡೆಂಪ್ಷನ್ 2 ತರಹದವು ಒಂದೊಂದೇ 150 ಜಿಬಿ ಕೇಳುತ್ತವೆ. ಅಂಥದ್ದು ಎರಡು ಇದ್ದರೆ ನಿಮ್ಮ ಡಿಸ್ಕಿನ ಅರ್ಧಕ್ಕಿಂತ ಜಾಸ್ತಿ ಹೋಯಿತು. ಅದರ ಪಕ್ಕದಲ್ಲಿ ಇಪ್ಪತ್ತು ಸಣ್ಣ ಗೇಮ್ ಅಳಿಸಿ ಸುಸ್ತಾಗುವುದು ಸುಮ್ನೆ ಮನಸ್ಸಿನ ಸಮಾಧಾನ.

ಅದೂ ಸಾಲದಿದ್ದರೆ ವಿಜ್‌ಟ್ರೀ ಹಾಕಿಕೊಳ್ಳಿ. ಇಡೀ ಡ್ರೈವಿನಲ್ಲಿ ಯಾವುದು ಎಷ್ಟು ತಿಂದಿದೆ ಅಂತ ಕೆಲವೇ ಸೆಕೆಂಡಿನಲ್ಲಿ ಚೌಕ ಚೌಕವಾಗಿ ಬಿಡಿಸಿ ತೋರಿಸುತ್ತದೆ. ಗೇಮಿನ ತಪ್ಪು ಅಂದುಕೊಂಡದ್ದು ಎಷ್ಟೋ ಸಲ ಬೇರೆಯದರ ತಪ್ಪಾಗಿರುತ್ತದೆ.

ಆಂಟಿಚೀಟ್, ಅಂದರೆ ಆಟದಲ್ಲಿ ಮೋಸ ತಡೆಯುವ ಸಾಫ್ಟ್‌ವೇರ್ ಕೂಡ ನೋಡಿ. ವ್ಯಾಲೊರಂಟ್ ತೆಗೆದರೂ ಅದರ ಜೊತೆ ಬಂದ ವ್ಯಾನ್‌ಗಾರ್ಡ್ ತಾನಾಗಿ ಹೋಗುವುದಿಲ್ಲ, ವಿಂಡೋಸಿನ ಆ್ಯಪ್ ಪಟ್ಟಿಯಲ್ಲಿ ಅದನ್ನು ಬೇರೆಯಾಗಿ ತೆಗೆಯಬೇಕು. ಜಾಗ ಏನೂ ದೊಡ್ಡದಲ್ಲ, ಆದರೆ ಆಡದ ಗೇಮಿನ ಕಾವಲುಗಾರ ಕಂಪ್ಯೂಟರ್ ಆನ್ ಮಾಡಿದಾಗಲೆಲ್ಲ ಯಾಕೆ ಎದ್ದು ನಿಲ್ಲಬೇಕು?

ಡಿಸ್ಕನ್ನು ಅಂಚಿನವರೆಗೆ ತುಂಬಿಸಬೇಡಿ. ಎಸ್‌ಎಸ್‌ಡಿ ತುಂಬುತ್ತಾ ಹೋದಂತೆ ಬರೆಯುವ ವೇಗ ಬೀಳುತ್ತದೆ. ದೊಡ್ಡ ಗೇಮಿನ ಅಪ್‌ಡೇಟ್ ಬೇರೆ, 2 ಜಿಬಿ ಅಂತ ಹೇಳಿ ಹಳೆಯ ಫೈಲುಗಳನ್ನು ತಿದ್ದಿ ಬರೆಯಲು ಅದಕ್ಕಿಂತ ತುಂಬಾ ಜಾಸ್ತಿ ಜಾಗ ಕೇಳುತ್ತದೆ. ನಿನ್ನೆ ನಿಮಗೆ ಆದದ್ದು ಅದೇ ಇರಬೇಕು. 512 ಯಾಕೆ 476 ಅಂದರೆ ಡಿಸ್ಕ್ ಮಾಡುವವರು ಸಾವಿರದ ಲೆಕ್ಕದಲ್ಲಿ ಎಣಿಸುತ್ತಾರೆ, ವಿಂಡೋಸ್ 1024ರ ಲೆಕ್ಕದಲ್ಲಿ. ಯಾರೂ ಕದ್ದಿಲ್ಲ.

ನಿಮ್ಮ ಇಂಟರ್ನೆಟ್ ನಿಧಾನ ಇದ್ದರೆ ಅಳಿಸುವ ಬದಲು ಸರಿಸಿ. ಒಂದು ಹಳೆಯ ಹಾರ್ಡ್‌ಡಿಸ್ಕ್ ಹಾಕಿ, ಅದೇ ಸ್ಟೋರೇಜ್ ಪುಟದಿಂದ ಗೇಮನ್ನು ಆ ಡಿಸ್ಕಿಗೆ ಮೂವ್ ಮಾಡಿ. ಆಡಬೇಕು ಅನ್ನಿಸಿದಾಗ ವಾಪಸ್ ತನ್ನಿ, 100 ಜಿಬಿ ಮತ್ತೆ ಇಳಿಸುವುದು ತಪ್ಪುತ್ತದೆ.

ಅಟ್ಟದಮೇಲೆ:

ಮೇಲಿನವರು ಡಿಸ್ಕಿನ ಬಗ್ಗೆ ಎಲ್ಲ ಹೇಳಿದ್ದಾರೆ, ನಾನು ಲೈಬ್ರರಿ ಬಗ್ಗೆ ಹೇಳುತ್ತೇನೆ. 300 ಗೇಮನ್ನು ಪ್ರಕಾರವಾರು ಜೋಡಿಸಲು ಹೋಗಬೇಡಿ. ನಾನು ಒಂದು ಇಡೀ ಭಾನುವಾರ ಕೂತು ಸ್ಟೀಮಿನಲ್ಲಿ 22 ಕಲೆಕ್ಷನ್ ಮಾಡಿದೆ, ಒಗಟು, ಓಟ, ಯುದ್ಧ ಅಂತ. ಆವತ್ತು ಒಂದೂ ಗೇಮ್ ಆಡಲಿಲ್ಲ, ಆ 22ನ್ನು ಆಮೇಲೆ ತೆರೆದು ನೋಡಿದ್ದೂ ಇಲ್ಲ. ಈಗ ಇರುವುದು ಮೂರೇ: ಆಡುತ್ತಿರುವುದು, ಮುಂದೆ ಆಡುವುದು, ಮುಗಿಯಿತು. ಎರಡನೆಯದರಲ್ಲಿ ಐದಕ್ಕಿಂತ ಜಾಸ್ತಿ ಇಡುವುದಿಲ್ಲ. ಆಡುವುದೇ ಇಲ್ಲ ಅಂತ ಗೊತ್ತಿರುವುದನ್ನು ಹೈಡ್ ಮಾಡಿದ್ದೇನೆ, ಅದು ಅಕೌಂಟಿನಲ್ಲೇ ಇರುತ್ತದೆ, ಕಣ್ಣಿಗೆ ಬೀಳುವುದಿಲ್ಲ.

ಎಪಿಕ್, ಸ್ಟೀಮ್, ಜಿಒಜಿ ಅಂಗಡಿಗಳ ಗೇಮ್ ಎಲ್ಲ ಒಂದೇ ಪಟ್ಟಿಯಲ್ಲಿ ಬೇಕಿದ್ದರೆ ಪ್ಲೇನೈಟ್ ನೋಡಿ, ಉಚಿತ. ಒಂದೇ ಗೇಮ್ ಎರಡು ಕಡೆ ಇರುವುದು ಆಗ ಗೊತ್ತಾಗುತ್ತದೆ. ನನ್ನ ಬಳಿ ಏಳು ಸಿಕ್ಕವು, ನಾಲ್ಕಕ್ಕೆ ದುಡ್ಡು ಕೊಟ್ಟಿದ್ದೆ, ಪುಕ್ಕಟೆ ಬಂದದ್ದು ನೆನಪೇ ಇರಲಿಲ್ಲ.

ಆದರೆ ಯಾವಾಗ ಬೇಕಾದರೂ ಮತ್ತೆ ಇಳಿಸಿಕೊಳ್ಳಬಹುದು ಅನ್ನುವ ಮಾತಿಗೆ ನಾನು ಪೂರ್ತಿ ಒಪ್ಪುವುದಿಲ್ಲ. ಕೊಳ್ಳುತ್ತಿರುವುದು ಗೇಮಲ್ಲ, ಲೈಸೆನ್ಸ್ ಅಂತ 2024ರ ಅಕ್ಟೋಬರಿನಿಂದ ಸ್ಟೀಮ್ ಕಾರ್ಟಿನಲ್ಲೇ ಬರೆದು ತೋರಿಸುತ್ತಿದೆ.

ಡಬ್ಬಿಖಾಲಿ:

ಅದು ನಿಜ, ಆದರೆ ಅಂಗಡಿಯಿಂದ ತೆಗೆದ ಗೇಮ್ ಕೂಡ ಕೊಂಡವರ ಲೈಬ್ರರಿಯಲ್ಲಿ ಸಾಮಾನ್ಯವಾಗಿ ಇಳಿಯುತ್ತದೆ. ನನ್ನ ಬಳಿ ಅಂಥವು ಎರಡಿವೆ. ಇವರನ್ನು ಹೆದರಿಸಬೇಡಿ, ಆಮೇಲೆ 34ನ್ನೂ ಇಟ್ಟುಕೊಂಡೇ ಕೂರುತ್ತಾರೆ.

ಅಟ್ಟದಮೇಲೆ:

ಸಾಮಾನ್ಯವಾಗಿ, ಹೌದು. ಸರ್ವರ್ ಬೇಕಾದ ಗೇಮಿನಲ್ಲಿ ಆ ಮಾತು ನಡೆಯುವುದಿಲ್ಲ. ದಿ ಕ್ರೂ 2014ರಲ್ಲಿ ಬಂತು, 2024ರ ಮಾರ್ಚ್ 31ಕ್ಕೆ ಸರ್ವರ್ ಮುಚ್ಚಿದರು, ಒಬ್ಬರೇ ಕಾರು ಓಡಿಸುವುದಕ್ಕೂ ಸರ್ವರ್ ಬೇಕಿದ್ದರಿಂದ ಇಡೀ ಗೇಮೇ ನಿಂತಿತು. ಅಲ್ಲಿ ಡಿಸ್ಕಿನಲ್ಲಿ ಇಟ್ಟುಕೊಂಡವರಿಗೂ ಅಷ್ಟೇ, ಅಳಿಸಿದವರಿಗೂ ಅಷ್ಟೇ. ಹಾಗಾಗಿ ಹೆದರಿ ಇಟ್ಟುಕೊಳ್ಳಿ ಅಂತ ನಾನು ಹೇಳುತ್ತಿಲ್ಲ. ತುಂಬಾ ಇಷ್ಟದ ಗೇಮ್ ಜಿಒಜಿಯಲ್ಲಿ ಸಿಕ್ಕರೆ ಅಲ್ಲಿ ಕೊಳ್ಳಿ, ಆಫ್‌ಲೈನ್ ಇನ್‌ಸ್ಟಾಲರ್ ಇಳಿಸಿ ಹೊರಗಿನ ಡಿಸ್ಕಿನಲ್ಲಿ ಎತ್ತಿಡಿ. ಅದಕ್ಕೆ ಲಾಗಿನ್ನೂ ಬೇಡ, ಲಾಂಚರ್ರೂ ಬೇಡ. ನಾನು ಹಾಗೆ ಇಟ್ಟಿರುವುದು ಒಂಬತ್ತೇ ಗೇಮ್.

ಕೆಂಪುಪಟ್ಟಿ:

ಎಲ್ಲರಿಗೂ ಥ್ಯಾಂಕ್ಸ್. ಇಷ್ಟು ಹೊತ್ತು ಅದೇ ಕೆಲಸದಲ್ಲಿದ್ದೆ, ಏನಾಯಿತು ಅಂತ ಹೇಳುತ್ತೇನೆ.

ಬಿನ್ ಖಾಲಿ ಮಾಡಿದೆ, 18 ಬಂತು. ಸ್ಕೈರಿಮ್ ಫೋಲ್ಡರ್ ತೆರೆದು ನೋಡಿ, ಸೇವ್ ಮೈ ಗೇಮ್ಸ್‌ನಲ್ಲೇ ಇದೆ ಅಂತ ಖಾತ್ರಿ ಮಾಡಿಕೊಂಡು ಅಳಿಸಿದೆ, 14. ಅಷ್ಟರಲ್ಲಿ ವಿಜ್‌ಟ್ರೀ ಓಡಿಸಿದರೆ ವಿಡಿಯೋಸ್ ಒಳಗೆ ಕ್ಯಾಪ್ಚರ್ಸ್ ಅನ್ನುವ ಫೋಲ್ಡರ್ 23 ಜಿಬಿ! ಆಡುವಾಗ ಗೇಮ್ ಬಾರಿನಲ್ಲಿ ರೆಕಾರ್ಡ್ ಒತ್ತುತ್ತಿದ್ದೆ, ಎಲ್ಲ ಅಲ್ಲಿ ಹೋಗಿ ಬೀಳುತ್ತಿತ್ತು, ನಾನು ಅಲ್ಲಿಯವರೆಗೆ ಒಂದನ್ನೂ ತೆರೆದು ನೋಡಿರಲಿಲ್ಲ. ಅದರಲ್ಲೂ ಹೆಚ್ಚಿನದನ್ನು ಅಳಿಸಿದೆ. ಗರಗಸ ಅವರು ಹೇಳಿದ್ದು ಅಕ್ಷರಶಃ ನಿಜ.

ಲುಡುಸಾವಿಯಲ್ಲಿ ಸೇವ್ ಎಲ್ಲ ಕಾಪಿ ಮಾಡಿಟ್ಟು, ಗಾತ್ರ ನೋಡಿ ಮೇಲಿನಿಂದ ನಾಲ್ಕು ಗೇಮ್ ತೆಗೆದೆ, ಅವೇ 97 ಜಿಬಿ. ಈಗ 160ರ ಹತ್ತಿರ ಖಾಲಿ ಇದೆ, ಪಟ್ಟಿ ನೀಲಿ. ಉಳಿದ ಸಣ್ಣವನ್ನು ಮುಟ್ಟಲಿಲ್ಲ, ತೋಟವಂತೂ ಇಲ್ಲವೇ ಇಲ್ಲ.

ಮೂರನೇಸ್ಲಾಟ್:

ಕ್ಯಾಪ್ಚರ್ಸ್ ಅಳಿಸುವ ಮುಂಚೆ ಒಮ್ಮೆ ನೋಡಿದಿರಾ?

ಕೆಂಪುಪಟ್ಟಿ:

ನೋಡಿದೆ. 41 ವಿಡಿಯೋ ಇತ್ತು, 38ರಲ್ಲಿ ನಾನು ಸಾಯುತ್ತಿದ್ದೇನೆ. ಉಳಿದ ಮೂರನ್ನು ಇಟ್ಟುಕೊಂಡೆ.