ಎರಡನೇ ವರ್ಷಕ್ಕೇ ಇಷ್ಟು ಬೇಸರ ಯಾಕೆ?

ಪೋಸ್ಟ್ ಹಾಕಿದವರು:
ಊರು ಬಿಟ್ಟು ಈ ದೇಶಕ್ಕೆ ಬಂದ ಹೊಸದರಲ್ಲಿ ಎಲ್ಲವೂ ಚೆನ್ನಾಗಿತ್ತು. ಈಗ ಎರಡನೇ ವರ್ಷ. ಜಗಳವಿಲ್ಲ, ಅವಮಾನವಿಲ್ಲ, ಆದರೂ ಮನಸ್ಸು ಮುದುಡಿದೆ. ಆಫೀಸಿನಲ್ಲಿ ಎಲ್ಲರೂ ನಕ್ಕ ಮೇಲೆ ನಾನು ನಗುತ್ತೇನೆ. "ಒಂದಿನ ಮನೆಗೆ ಬನ್ನಿ" ಅಂತ ಪಕ್ಕದವರು ಹೇಳಿದ್ದು ಸುಮ್ನೆ ಬಾಯಿಮಾತಿಗೆ ಅಂತ ಗೊತ್ತಾಗಲು ಎಷ್ಟೋ ತಿಂಗಳು ಬೇಕಾಯಿತು. ಮೊನ್ನೆ ಟೀಚರ್ ಹತ್ತಿರ ಮಾತಾಡುವಾಗ ನಾನು ಸ್ವಲ್ಪ ತಡವರಿಸಿದೆ. ಮಗಳು ತೋಳು ಎಳೆದು, "ಅಪ್ಪಾ, ನಾನೇ ಹೇಳ್ತೀನಿ" ಅಂದಳು. ಟೀಚರ್ ಅವಳ ಕಡೆ ತಿರುಗಿದರು. ಮತ್ತೆ ನನ್ನ ಕಡೆ ನೋಡಲೇ ಇಲ್ಲ. ಇದು ಎಲ್ಲರಿಗೂ ಆಗುತ್ತಾ? ಮಕ್ಕಳ ಮುಂದೆ ಹೇಗೆ ನಿಭಾಯಿಸಿದಿರಿ?

ಇಬ್ಬರು ಮಕ್ಕಳ ತಾಯಿ:
ತುಂಬಾ ಜನಕ್ಕೆ ಆಗುತ್ತೆ ಸರ್. ಲಿಸ್‌ಗಾರ್ಡ್ ಅನ್ನುವ ಸಮಾಜಶಾಸ್ತ್ರಜ್ಞರು 1955ರಲ್ಲೇ ಇದರ ಬಗ್ಗೆ ಬರೆದಿದ್ದಾರೆ. ವಿದ್ಯಾರ್ಥಿವೇತನದ ಮೇಲೆ ಅಮೆರಿಕಕ್ಕೆ ಹೋಗಿದ್ದ ನಾರ್ವೆಯವರನ್ನು ಮಾತಾಡಿಸಿದರು. 6ರಿಂದ 18 ತಿಂಗಳು ಅಲ್ಲಿದ್ದವರಿಗೇ ಹೊಂದಿಕೊಳ್ಳುವುದು ಜಾಸ್ತಿ ಕಷ್ಟವಾಗಿತ್ತು. ಎಲ್ಲರಿಗೂ ಇದೇ ಲೆಕ್ಕ ಅನ್ವಯಿಸುವುದಿಲ್ಲ ಅಂತ ಆಮೇಲಿನವರು ತೋರಿಸಿದ್ದಾರೆ. ಹಾಗಾಗಿ ಕ್ಯಾಲೆಂಡರ್ ನೋಡುತ್ತಾ ಕೂರಬೇಡಿ. ವಾರ ವಾರ ಅದೇ ಮುಖಗಳು ಸಿಗುವ ಜಾಗ ಹುಡುಕಿ, ಆಫೀಸಿನ ಹೊರಗೆ. ನನಗೆ ಲೈಬ್ರರಿಯ ಓದುವ ಗುಂಪು ಕೈಹಿಡಿಯಿತು. ಮಗಳನ್ನು ದುಭಾಷಿ ಮಾಡಬೇಡಿ. "ಸ್ವಲ್ಪ ನಿಧಾನವಾಗಿ ಹೇಳಿ, ಉತ್ತರ ನಾನೇ ಕೊಡ್ತೀನಿ" ಅಂತ ಟೀಚರ್‌ಗೆ ಹೇಳಿ.

ಹಿರಿಯ ಸದಸ್ಯರು:
ಸಂಶೋಧನೆ ಇರಲಿ ತಾಯಿ. ಮಗಳು ಹೈಸ್ಕೂಲಿಗೆ ಬರುವ ಮೊದಲು ವಾಪಸ್ ಹೋಗಿಬಿಡಿ ಸರ್. ಸಾಲ ತೀರಲಿ, ಪೌರತ್ವ ಸಿಗಲಿ ಅಂತ ವರ್ಷಗಳು ಜಾರುತ್ತವೆ. ನಮ್ಮ ಮಕ್ಕಳು ಈಗ ಇಲ್ಲಿಯವರು. ನಾವು ಎಲ್ಲಿಯವರೂ ಅಲ್ಲ.

ಮತ್ತೊಬ್ಬ ಸದಸ್ಯೆ:
ಎಲ್ಲರ ಮನೆಯೂ ಒಂದೇ ಥರ ಇರಲ್ಲ ಸರ್. ನನ್ನ ಮಗ ಇಲ್ಲೇ ಹುಟ್ಟಿದವನು, ಕನ್ನಡದಲ್ಲಿ ಕಥೆ ಬರೆಯುತ್ತಾನೆ. ಮನೆಯೊಳಗೆ ಬೇರೆ ಭಾಷೆ ಇಲ್ಲವೇ ಇಲ್ಲ. ಅಷ್ಟು ಹಟ ಬೇಕು.

ಹಿರಿಯ ಸದಸ್ಯರು:
ಭಾಷೆ ಉಳಿದರೆ ಎಲ್ಲ ಉಳಿಯಿತು ಅಂದುಕೊಳ್ಳಬೇಡಿ ಅಮ್ಮಾ. ಅವನಿಗೆ ಇಪ್ಪತ್ತು ತುಂಬಲಿ, ಆಗ ಮಾತಾಡೋಣ.

ಹೋಗಿ ಬಂದವರು:
ನಾವು ವಾಪಸ್ ಹೋಗಿ ನೋಡಿದೆವು. ಅಲ್ಲೂ ಹೊಸಬರೇ. ಹಳೇ ಗೆಳೆಯರಿಗೆ ಅವರವರ ಸಂಸಾರ, ಅವರವರ ಓಡಾಟ. ಮಗನಂತೂ ಯಾರ ಜೊತೆಯೂ ಬೆರೆಯಲಿಲ್ಲ. ತಿರುಗಿ ಬಂದೆವು.

ಹಿರಿಯ ಸದಸ್ಯರು:
ತಡವಾಗಿ ಹೋದರೆ ಹಾಗೇ. ನಾನು ಹೇಳುತ್ತಿರುವುದೂ ಅದೇ ಅಲ್ವಾ!

ಪೋಸ್ಟ್ ಹಾಕಿದವರು:
ಎಲ್ಲರಿಗೂ ಥ್ಯಾಂಕ್ಸ್. ವಾಪಸ್ ಹೋಗುವ ಯೋಚನೆ ಸದ್ಯಕ್ಕಿಲ್ಲ. ಮೇಡಂ, ಆ ಓದುವ ಗುಂಪಿಗೆ ನಿಧಾನವಾಗಿ ಓದುವವರೂ ಹೋಗಬಹುದಾ? ಮಗಳನ್ನು ಕರೆದುಕೊಂಡು ಹೋಗಲ್ಲ. ಒಬ್ಬನೇ ಹೋಗ್ತೀನಿ.